ಕಾಶ್ಯಪ ಗೋತ್ರದ ಸಾರ್ಜಂಟ್

ನಮ್ಮ ಕಾಕಾನಿಗೆ ಇದ್ದಷ್ಟು ಇಂಗ್ಲಿಷ್ ಗೆಳೆಯರು ಪುಣೆಯ ಬೇರೆ ಯಾವ ಕನ್ನಡಿಗನಿಗೂ ಇರಲಿಲ್ಲ. ಇಷ್ಟು ಖಾತ್ರಿಯಾಗಿ ಹೇಗೆ ಹೇಳುತ್ತೀ ಎಂದು ನೀವು ಕೇಳಬಹುದು. ನಾನು ಅವರನ್ನೆಲ್ಲ ಖುದ್ದಾಗಿ ಕಂಡಿದ್ದೇನೆ. ಎಲ್ಲರೂ ಸತ್ತು ನೂರು ವರ್ಷದ ಮೇಲಾಗಿತ್ತು, ಅಷ್ಟೇ.

ಈ ಸ್ನೇಹಕ್ಕೆ ಕಾರಣ ಉಳ್ಳಾಗಡ್ಡಿ, ಅಂದರೆ ಈರುಳ್ಳಿ. ಕಾಕಾ ಎಂದರೆ ನಮ್ಮಪ್ಪನ ತಮ್ಮ. ಊರು ಧಾರವಾಡ, ಮನೆ ಪುಣೆಯ ಸದಾಶಿವ ಪೇಠೆಯಲ್ಲಿ, ಗುಮಾಸ್ತಿಕೆ ಹಳೆಯ ದಂಡುಪ್ರದೇಶವಾದ ಕ್ಯಾಂಪಿನ ಒಂದು ಸರ್ಕಾರಿ ಕಚೇರಿಯಲ್ಲಿ. ಉಳ್ಳಾಗಡ್ಡಿ ತಿನ್ನುವುದಿರಲಿ, ಅದರ ವಾಸನೆ ಬಂದರೂ ತುತ್ತು ಬಿಟ್ಟು ಏಳುವ ಪೈಕಿ. ಮಧ್ಯಾಹ್ನ ಒಂದು ಗಂಟೆಗೆ ಕ್ಯಾಂಪಿನಲ್ಲಿ ಉಳ್ಳಾಗಡ್ಡಿ ನಾರದ ಜಾಗ ಹುಡುಕುವುದೆಂದರೆ ಸಾಮಾನ್ಯವೇ? ಕ್ಯಾಂಟೀನು, ಮೆಟ್ಟಿಲು, ಟೆರೇಸು, ಸೈಕಲ್ ಸ್ಟ್ಯಾಂಡು ಎಲ್ಲದರ ಪರೀಕ್ಷೆ ನಡೆದು, ಕೊನೆಗೆ ಪಾಸಾದದ್ದು ಬ್ರಿಟಿಷರ ಕಾಲದ ದೊಡ್ಡ ಸ್ಮಶಾನ. ಅಲ್ಲಿ ಯಾರೂ ಒಗ್ಗರಣೆ ಹಾಕುತ್ತಿರಲಿಲ್ಲ. ಬೇವಿನ ನೆರಳಲ್ಲಿ, ಒಬ್ಬ ಸಾರ್ಜಂಟನ ಗೋರಿಯ ಪಕ್ಕದ ಕಟ್ಟೆಯ ಮೇಲೆ ಕೂತು ಕಾಕಾ ಮೂವತ್ತು ವರ್ಷ ರೊಟ್ಟಿ, ಮೆಂತ್ಯದ ಪಲ್ಯ ಉಂಡರು.

ಕಾಕಾನ ಹೆಂಡತಿ, ನಮ್ಮ ಕಾಕು, ಇದಕ್ಕೆ ಒಪ್ಪಿದವರಲ್ಲ. ಸುಟ್ಟರೆ ತಾನೇ ಸ್ಮಶಾನ, ಇಲ್ಲಿ ಎಲ್ಲರೂ ಸುಮ್ಮನೆ ಮಲಗಿದ್ದಾರೆ ಎಂಬುದು ಕಾಕಾನ ವಾದ. ಹಾಗಾದರೆ ನೀವೂ ಅಲ್ಲೇ ಮಲಗಿರಿ ಎಂಬುದು ಕಾಕುವಿನ ಪ್ರತಿವಾದ. ಕೊನೆಗೆ ಒಪ್ಪಂದವಾಯಿತು. ಸಂಜೆ ಆರಕ್ಕೆ ಕಾಕು ಹೊಸ್ತಿಲ ಹೊರಗೆ ಒಂದು ಬಕೆಟ್ ನೀರಿಟ್ಟುಕೊಂಡು ನಿಲ್ಲುತ್ತಿದ್ದರು. ತಲೆಯ ಮೇಲೆ ಸುರುವಿಕೊಳ್ಳದೆ ಒಳಗೆ ಪ್ರವೇಶವಿಲ್ಲ. ಪುಣೆಯ ಡಿಸೆಂಬರ್ ಚಳಿಗೂ ಈ ನಿಯಮ ಅನ್ವಯಿಸುತ್ತಿತ್ತು.

ನಾನು ಅವರ ಮನೆಗೆ ಬಂದದ್ದು ತೊಂಬತ್ತರ ದಶಕದ ಮೊದಲಲ್ಲಿ. ಅಪ್ಪ ತೀರಿಕೊಂಡಾಗ ಕಾಕಾ ಧಾರವಾಡಕ್ಕೆ ಬಂದು, ಇವಳು ಇನ್ನು ನಮ್ಮಲ್ಲೇ ಓದುತ್ತಾಳೆ ಎಂದು ಕರೆತಂದರು. ಮೊದಲ ರವಿವಾರವೇ ಪುಣೆ ತೋರಿಸುತ್ತೇನೆ ಎಂದರು. ಶನಿವಾರವಾಡೆ, ಪರ್ವತಿ ಎಂದುಕೊಂಡು ನಾನು ಹೊಸ ಚೂಡಿದಾರ ಹಾಕಿಕೊಂಡು ಸ್ಕೂಟರ್ ಹತ್ತಿದೆ. ಸ್ಕೂಟರ್ ನಿಂತದ್ದು ಗೋರಿಗಳ ನಡುವೆ.

ಅಲ್ಲಿ ಕಾಕಾ ಇತಿಹಾಸ ಹೇಳಿದರು. ಪೇಶವೆಯವರ ರಾಜ್ಯ ಹೋಯಿತು, ಇಂಗ್ಲಿಷರ ದಂಡು ಬಂತು, ದಂಡಿನ ಹಿಂದೆ ಕಾಲರಾ ಬಂತು, ಕಾಲರಾದ ಹಿಂದೆ ಈ ಗೋಡೆ ಎದ್ದಿತು. ಇತಿಹಾಸ ಮುಗಿಯಿತು. ಆಮೇಲೆ ಪರಿಚಯ. ಇವರು ಸೇತುವೆ ಕಟ್ಟಿದ ಎಂಜಿನಿಯರು, ಸೇತುವೆ ಇನ್ನೂ ಗಟ್ಟಿಯಾಗಿದೆ. ಇವನು ಬ್ಯಾಂಡ್ ಮಾಸ್ತರ, ಕುದುರೆಯಿಂದ ಬಿದ್ದ. ಬ್ಯಾಂಡಿನವನಿಗೆ ಕುದುರೆ ಯಾಕೆ ಬೇಕಿತ್ತು? ರೆಕ್ಕೆ ಮುರಿದ ಕಲ್ಲಿನ ದೇವದೂತೆಯ ಕೆಳಗೆ ಒಬ್ಬ ಸಾಹೇಬನ ಹೆಂಡತಿ. ಅವಳ ಪಕ್ಕದಲ್ಲಿ ಎಮಿಲಿ, ಹನ್ನೊಂದು ತಿಂಗಳು. ಆ ಪುಟ್ಟ ಕಲ್ಲನ್ನು ಕಾಕಾ ತಮ್ಮ ಕರವಸ್ತ್ರದಿಂದ ಒರೆಸಿದರು. ಕಡೆಗೆ ಸಾರ್ಜಂಟ್ ಥಾಮಸ್, ಇಪ್ಪತ್ತಾರು ವರ್ಷ, ಕಾಲರಾ. ಕಾಕಾ ಅವನ ಕಡೆ ತಿರುಗಿ, "ನಮ್ಮಣ್ಣನ ಮಗಳು. ಬಿ.ಎಸ್ಸಿ. ಸೇರ್ಯಾಳ," ಎಂದರು. ಹಿರಿಯರು ಪರಿಚಯ ಮಾಡಿಸಿದಾಗ ಸುಮ್ಮನೆ ನಿಲ್ಲಲಾಗುತ್ತದೆಯೇ? ನಾನು ಕೈ ಮುಗಿದೆ.

ಕಾಕಾ ನಿವೃತ್ತರಾದ ವರ್ಷ ಸರ್ವಪಿತೃ ಅಮಾವಾಸ್ಯೆಯ ದಿನ ವಿಷಯ ಕೈಮೀರಿತು. ತಂದೆ, ತಾತ, ನಮ್ಮಪ್ಪ, ಎಲ್ಲರಿಗೂ ಎಳ್ಳುನೀರು ಬಿಟ್ಟಾಯಿತು. ಭಟ್ಟರು ಇನ್ನೇನು ಏಳಬೇಕು, ಕಾಕಾ ಪಂಚೆಯ ಸೊಂಟದಿಂದ ಒಂದು ಚೀಟಿ ತೆಗೆದು, ಇನ್ನೂ ಹದಿನಾಲ್ಕು ಮಂದಿ ಇದ್ದಾರೆ ಎಂದರು. ಯಾವ ಗೋತ್ರ ಎಂದು ಭಟ್ಟರು ಕೇಳಿದರು. ತಿಳಿಯದು ಎಂದರು ಕಾಕಾ. ಗೋತ್ರ ತಿಳಿಯದವರಿಗೆ ಕಾಶ್ಯಪ ಗೋತ್ರ ಹೇಳಬೇಕೆಂದು ಶಾಸ್ತ್ರವಿದೆ. ಭಟ್ಟರು ರೂಢಿಯ ಮೇಲೆ ಅದನ್ನು ಹೇಳಿಬಿಟ್ಟು, ಆಮೇಲೆ ಚೀಟಿ ನೋಡಿದರು. ಮೊದಲ ಹೆಸರು ಥಾಮಸ್.

"ರಾಯರ, ಇವರು ನಿಮಗ ಏನಾಗಬೇಕು?"

"ಮೂವತ್ತು ವರ್ಷ ಅವರ ಅಂಗಳದಾಗ ಕೂತು ಉಂಡೇನ್ರಿ. ಒಂದಿನಾ ಏಳು ಅಂದಿಲ್ಲ. ಅವರ ಮಂದಿ ಎಲ್ಲಾ ಸಮುದ್ರದ ಆಚೀಕಡೆ. ಒಂದು ಬೊಗಸಿ ನೀರು ಯಾರು ಕೊಡಬೇಕು?"

ಭಟ್ಟರು ಎಳ್ಳಿನ ಬಟ್ಟಲನ್ನು ಮತ್ತೆ ಹತ್ತಿರಕ್ಕೆ ಎಳೆದುಕೊಂಡರು. ಹದಿನಾಲ್ಕು ಮಂದಿ ಇಂಗ್ಲಿಷರು ಒಂದೇ ಬೆಳಿಗ್ಗೆ ಕಾಶ್ಯಪ ಗೋತ್ರಕ್ಕೆ ಸೇರಿದರು. ಕಾಕು ಅಡುಗೆಮನೆಯಿಂದಲೇ ಒಂದು ಮಾತು ಕೇಳಿಸಿದರು. ತಮ್ಮ ತವರಿನದೂ ಕಾಶ್ಯಪ ಗೋತ್ರ. ಹಾಗಾದರೆ ಈ ಸಾರ್ಜಂಟ್ ತಮಗೆ ಅಣ್ಣನಾದ. ಇಷ್ಟು ವರ್ಷ ದೀಪಾವಳಿಯಲ್ಲಿ ಅಣ್ಣಂದಿರು ಉಡುಗೊರೆ ಕೊಡುವ ಭಾವುಬೀಜಕ್ಕೆ ತಂಗಿಗೊಂದು ರವಿಕೆಕಣ ಸಹ ಯಾಕೆ ಕಳಿಸಿಲ್ಲ?

ನಾವು ನಕ್ಕೆವು. ನಗದೆ ಉಳಿದವರು ಕಾಕಾ ಒಬ್ಬರೇ. ಅವರಿಗೆ ಮಕ್ಕಳಿರಲಿಲ್ಲ, ನಮ್ಮಪ್ಪನಿಗೆ ನಾನೊಬ್ಬಳೇ. ಎಳ್ಳುನೀರು ಬಿಡುವ ಕೈ ಆ ಮನೆಯಲ್ಲಿ ಅದೊಂದೇ, ಅದಕ್ಕೂ ವಯಸ್ಸಾಗುತ್ತಿತ್ತು. ಭಟ್ಟರು ಹೋದ ಮೇಲೆ ಅವರು ಆ ಚೀಟಿಯನ್ನು ನನ್ನ ಕೈಗಿಟ್ಟು, ನನ್ನ ನಂತರ ನೀನು ಕೊಡು ಎಂದರು. ಹೆಣ್ಣುಮಕ್ಕಳು ಕೊಡುವಂತಿಲ್ಲ ಎಂದು ಭಟ್ಟರೇ ಹೇಳಿದ್ದಾರಲ್ಲ ಎಂದೆ.

"ಅದು ನಮ್ಮ ಶಾಸ್ತ್ರ. ಪಾಪ, ಅವರಿಗೇನು ಗೊತ್ತು? ನೀ ಕೊಟ್ರ ತಗೋತಾರ."

"ಮತ್ತ ನಿಮಗ, ಕಾಕಾ?"

"ನಾ ಎಲ್ಲಾ ಬಲ್ಲಾಂವ. ನನ್ನ ಸುದ್ದಿ ಬಿಡು," ಎಂದು ಅವರು ಪೇಪರ್ ಬಿಡಿಸಿಕೊಂಡರು. ಆ ಪೇಪರ್ ಹಿಂದಿನ ದಿನದ್ದು. ನಾನು ಚೀಟಿಯನ್ನು ಮಡಿಸಿ ಇಟ್ಟುಕೊಂಡೆ.

ಹೊಸ ಶತಮಾನ ಬಂದು ಕೆಲವು ವರ್ಷಕ್ಕೆ ಕಾಕಾ ಹೋದರು. ವರ್ಷದ ಕರ್ಮವನ್ನು ದೂರದ ಸಂಬಂಧಿಕರೊಬ್ಬರು ಬಂದು ಮುಗಿಸಿಕೊಟ್ಟು ಊರಿಗೆ ಹೋದರು. ಅದರ ಮುಂದಿನ ಸರ್ವಪಿತೃ ಅಮಾವಾಸ್ಯೆಗೆ ಮನೆಗೆ ಯಾರೂ ಬರಲಿಲ್ಲ. ಅಷ್ಟೊತ್ತಿಗೆ ನಾನು ಕಾಲೇಜಿನಲ್ಲಿ ಪಾಠ ಹೇಳುತ್ತಿದ್ದೆ. ರಜೆ ಹಾಕಿದೆ. ಚೀಟಿ ಹಿಡಿದು ಸ್ಮಶಾನಕ್ಕೆ ಹೊರಡುವಾಗ ಕಾಕು ಕಾಕಾನ ಹಳೆಯ ಡಬ್ಬಿ ಮುಂದೆ ಹಿಡಿದರು. ಬಿಸಿ ರೊಟ್ಟಿ, ಮೆಂತ್ಯದ ಪಲ್ಯ. ಅಲ್ಲೇ ಕೂತು ಉಂಡು ಬಾ ಎಂದರು.

ಥಾಮಸನಿಂದ ಶುರು ಮಾಡಿ ಹದಿನಾಲ್ಕು ಹೆಸರು ಓದಿ, ಬಾಟಲಿಯಿಂದ ಎಳ್ಳುನೀರು ಬಿಟ್ಟೆ. ಎಮಿಲಿಗೆ ತುಸು ಹೆಚ್ಚೇ ಬಿಟ್ಟೆ. ಯಾರೂ ತಕರಾರು ಮಾಡಲಿಲ್ಲ. ಅಪ್ಪನಿಗೆ ಕೊಟ್ಟೆ. ಇನ್ನೊಬ್ಬರು ಉಳಿದರು. ಕಟ್ಟೆಯ ಮುಂದೆ, ಅವರು ಕಾಲು ಇಳಿಬಿಟ್ಟು ಕೂರುತ್ತಿದ್ದ ಜಾಗದಲ್ಲಿ ನಿಂತೆ.

"ಕಾಕಾ, ನಿಮಗ ಶಾಸ್ತ್ರ ಗೊತ್ತದ. ಇವತ್ತೊಂದಿನ ಗೊತ್ತಿಲ್ಲ ಅನ್ಕೊಳ್ರಿ," ಎಂದು ಬೊಗಸೆ ಬಿಟ್ಟೆ. ನೀರು ಮಣ್ಣಿಗೆ ಇಳಿಯಿತು. ಆಮೇಲೆ ಅಳುತ್ತಲೇ ರೊಟ್ಟಿ ತಿಂದೆ.

ಮನೆಗೆ ಬಂದಾಗ ಕಾಕು ಹೊಸ್ತಿಲಲ್ಲಿ ನಿಂತಿದ್ದರು. ಪಕ್ಕದಲ್ಲಿ ತುಂಬಿದ ಬಕೆಟ್ಟು. ನಾನು ಚಪ್ಪಲಿ ಬಿಟ್ಟು ತಂಬಿಗೆಗೆ ಕೈ ಹಾಕಿದೆ.

"ತಗೊಂಡ್ರೇನು?" ಎಂದು ಕೇಳಿದರು.

"ತಗೊಂಡ್ರು, ಕಾಕು."

ಅವರು ಬಕೆಟ್ಟನ್ನು ಕಾಲಿನಿಂದ ಪಕ್ಕಕ್ಕೆ ಸರಿಸಿ, ನನ್ನ ಕೈ ಹಿಡಿದು ಹಾಗೆಯೇ ಒಳಗೆ ಕರೆದುಕೊಂಡರು.