ಫ್ರಿಜ್ಜಿನಲ್ಲಿ ಮಲಗಿದ್ದ ಆಮೆಯನ್ನು ಜನವರಿಯಲ್ಲೇ ಎಬ್ಬಿಸಿದ್ದು

ಜನ ಗುಟ್ಟನ್ನು ಬೀರುವಿನಲ್ಲಿ ಬಚ್ಚಿಡುತ್ತಾರೆ ಅಂತ ನೀವು ತಿಳಿದಿದ್ದರೆ ಅದು ತಪ್ಪು, ಫ್ರಿಜ್ಜಿನಲ್ಲಿ ಬಚ್ಚಿಡುತ್ತಾರೆ. ಸಿರಸಿಯಲ್ಲಿ ಇಪ್ಪತ್ತು ವರ್ಷದಿಂದ ಫ್ರಿಜ್ ರಿಪೇರಿ ಮಾಡುತ್ತಿರುವ ನನಗೆ ಇಂಥದ್ದು ಎದುರಾಗುತ್ತಲೇ ಇರುತ್ತದೆ. ಸಿದ್ದಾಪುರದ ಒಂದು ಮನೆಯಲ್ಲಿ ಕೊತ್ತಂಬರಿ ಸೊಪ್ಪಿನ ಅಡಿಯಲ್ಲಿ ಅತ್ತೆ ಇಟ್ಟ ಗೋಡಂಬಿ ಸಿಕ್ಕಿತ್ತು. ಯಲ್ಲಾಪುರದ ಇನ್ನೊಂದು ಮನೆಯಲ್ಲಿ ಸಕ್ಕರೆ ಕಾಯಿಲೆಯ ಯಜಮಾನರು ಹಾಗಲಕಾಯಿಯ ಹಿಂದೆ ಪೇಡೆ ಅಡಗಿಸಿಟ್ಟಿದ್ದರು. ಆದರೆ ಹೋದ ಚಳಿಗಾಲದಲ್ಲಿ ನೋಡಿದ್ದರ ಮುಂದೆ ಅದೆಲ್ಲ ಏನೂ ಅಲ್ಲ ಬಿಡಿ!

ಮೆಲ್ಲಗೆ, ಮಲಗಿದ್ದಾನೆ

ಡಿಸೆಂಬರ್‌ನಲ್ಲಿ ಒಂದು ಬೆಳಿಗ್ಗೆ ಕಾಲೇಜಿನ ಮೇಡಂ ಒಬ್ಬರ ಫೋನು. "ಫ್ರಿಜ್ಜು ತಂಪಾಗ್ತಾ ಇಲ್ಲ. ಬೇಗ ಬನ್ನಿ, ಜೀವದ ಪ್ರಶ್ನೆ!" ಅಂದರು. ಮನೆಯಲ್ಲಿ ಯಾರಿಗೋ ಇನ್ಸುಲಿನ್ ಇರಬೇಕು ಅಂದುಕೊಂಡು, ಕೈಯಲ್ಲಿದ್ದ ಚಹಾ ಅರ್ಧಕ್ಕೇ ಬಿಟ್ಟು ಓಡಿದೆ.

ಹೋಗಿ ಬಾಗಿಲು ತೆಗೆದರೆ ಒಳಗೆ ಹಾಲಿಲ್ಲ, ತರಕಾರಿ ಇಲ್ಲ, ಔಷಧಿಯೂ ಇಲ್ಲ. ನಡುವಿನ ಹಲಗೆಯ ಮೇಲೆ ಒಂದು ಚಪ್ಪಲಿ ಡಬ್ಬಿ, ಡಬ್ಬಿಯಲ್ಲಿ ಒಣ ಎಲೆ, ಎಲೆಯ ನಡುವೆ ಒಂದು ಆಮೆ! ನಾನು "ಅಯ್ಯಯ್ಯೋ" ಅಂತ ಕೂಗಿ ಹಿಂದಿದ್ದ ಸ್ಟೂಲಿಗೆ ಕಾಲು ತಾಗಿಸಿಕೊಂಡು ಬಿದ್ದೆ.

"ಶ್! ಮೆಲ್ಲಗೆ ಮಾರಾಯ್ರೇ, ಮಲಗಿದ್ದಾನೆ" ಅಂದರು ಮೇಡಂ. ನಾನು ಬಿದ್ದದ್ದರ ಬಗ್ಗೆ ಒಂದು ಮಾತಿಲ್ಲ.

ಆಮೇಲೆ ವಿವರಿಸಿದರು. ಅದು ನಮ್ಮ ಕೆರೆಯ ಆಮೆಯಲ್ಲ, ಹೊರದೇಶದ್ದು. ಸಾಕಲಿಕ್ಕೆ ಕಾಗದಪತ್ರ ಎಲ್ಲ ಮಾಡಿಸಿದ್ದಾರೆ. ಅದರ ದೇಶದಲ್ಲಿ ಚಳಿಗಾಲದ ನಾಲ್ಕು ತಿಂಗಳು ಮಣ್ಣಿನಡಿ ಹೂತುಕೊಂಡು ನಿದ್ದೆ ಮಾಡುವ ಜಾತಿಯಂತೆ. ಸಿರಸಿಯ ಚಳಿ ಅದಕ್ಕೆ ಏನೇನೂ ಸಾಲದು, ಅದಕ್ಕೇ ಫ್ರಿಜ್ಜು. ಐದು ಡಿಗ್ರಿ ಇರಬೇಕು. ಹತ್ತು ದಾಟಿದರೆ ಎಚ್ಚರಾಗಿಬಿಡುತ್ತದೆ. ಹೊತ್ತಲ್ಲದ ಹೊತ್ತಿನಲ್ಲಿ ಎದ್ದು, ಮತ್ತೆ ತಂಪಾಗಿ, ಮತ್ತೆ ಎದ್ದು, ಹೀಗೆ ಆದರೆ ಮೈಯಲ್ಲಿ ಕೂಡಿಟ್ಟ ಶಕ್ತಿ ಎಲ್ಲ ಖರ್ಚಾಗಿ ಸತ್ತೇಹೋಗಬಹುದು. ಫೆಬ್ರವರಿ ಮುಗಿಯುವ ತನಕ ಎಬ್ಬಿಸುವಂತಿಲ್ಲ. ಹೇಳುವಾಗ ಅವರ ಕಣ್ಣಲ್ಲಿ ನೀರು.

ಥರ್ಮೋಸ್ಟಾಟ್ ಬದಲಿಸಿದೆ, ಐದಕ್ಕೆ ಬಂದು ನಿಂತಿತು. ಆಗ ನನಗೆ ಒಂದು ಸಂಶಯ. "ಹಾಗಾದರೆ ನಿಮ್ಮ ಹಾಲು, ಮೊಸರು ಎಲ್ಲಿಡ್ತೀರಿ ಮೇಡಂ?"

ಒಳಗಿನಿಂದ ಮೇಡಮ್ಮಿನ ತಾಯಿ ಉತ್ತರ ಕೊಟ್ಟರು. ಓಣಿಯವರೆಲ್ಲ ಅವರನ್ನು ಆಯಿ ಅಂತಲೇ ಕರೆಯುವುದು, ನಾನೂ ಹಾಗೇ. ಅವರಿಗೆ ಆಮೆ ಅಂದರೆ ಮನೆಯ ಮಾಣಿ, ಹುಡುಗ. "ಎಲ್ಲ ಪಕ್ಕದ ಮನೆ ಫ್ರಿಜ್ಜಲ್ಲಿ ಇದ್ದು ತಮಾ. ಈ ಮಾಣಿಗೆ ಮಜ್ಜಿಗೆ ವಾಸ್ನೆ ಆಗ್ತಿಲ್ಲೆ ಹೇಳಿ!"

ಆಯಿಯ ವಾರ್ತೆ

ಜನವರಿಯಲ್ಲಿ ಮೇಡಮ್ಮಿಗೆ ಮೂರು ವಾರದ ತರಬೇತಿ ಬಂತು, ದೂರದ ಊರಲ್ಲಿ. ಹೋಗುವ ಹಿಂದಿನ ದಿನ ನನ್ನನ್ನು ಕರೆಸಿ ಕೈಗೊಂದು ನೋಟ್‌ಬುಕ್ ಕೊಟ್ಟರು. ದಿನಾ ಬಂದು ಡಿಗ್ರಿ ನೋಡಬೇಕು, ವಾರಕ್ಕೊಮ್ಮೆ ಆಮೆಯನ್ನು ತೂಕ ಮಾಡಿ ಬರೆಯಬೇಕು. ಮಲಗುವಾಗ ಅದು ಎರಡು ಕಿಲೋ ನಾನೂರು ಗ್ರಾಂ ಇತ್ತು. ಅದರಲ್ಲಿ ಹತ್ತನೇ ಒಂದು ಪಾಲು, ಅಂದರೆ ಇನ್ನೂರ ನಲವತ್ತು ಗ್ರಾಂ ಇಳಿಯಿತೋ, ತಕ್ಷಣ ಎಬ್ಬಿಸಬೇಕು, ಇಲ್ಲದಿದ್ದರೆ ಉಳಿಯುವುದಿಲ್ಲ. ಇಳಿಯದೆ ಎಬ್ಬಿಸಲೇಬಾರದು.

"ನಿಮ್ಮನ್ನು ನಂಬಿ ಹೋಗ್ತಾ ಇದ್ದೇನೆ" ಅಂದರು.

"ನನ್ನ ಮಗು ಅಂತ ನೋಡ್ಕೊಳ್ತೇನೆ ಮೇಡಂ" ಅಂದೆ. ನನ್ನ ಮಕ್ಕಳನ್ನು ನಾನು ಹೇಗೆ ನೋಡಿಕೊಂಡಿದ್ದೇನೆ ಅಂತ ನನ್ನ ಹೆಂಡತಿಯನ್ನು ಕೇಳಿದ್ದರೆ ಅವರು ತರಬೇತಿಗೆ ಹೋಗುತ್ತಲೇ ಇರಲಿಲ್ಲ!

ಮರುದಿನ ಹೋಗಿ ಫ್ರಿಜ್ ತೆಗೆಯುತ್ತೇನೆ, ಆಮೆಯ ಬೆನ್ನಿನ ಮೇಲೆ ಉಣ್ಣೆಯ ಕುಲಾವಿ.

"ಇದೇನು ಆಯಿ?"

"ಅದ್ಕೆ ಥಂಡಿ ಆಗ್ತಿಲ್ಯನಾ? ಪಾಪ, ಹಗಲೂ ರಾತ್ರಿ ಫ್ರಿಜ್ಜಲ್ಲಿ ಇದ್ದು. ಆನೇ ಹಾಕಿದ್ದಿ." ತಾವೇ ಹಾಕಿದ್ದಂತೆ.

ಥಂಡಿ ಆಗಲಿ ಅಂತಲೇ ಇಟ್ಟದ್ದು ಅಂತ ತಿಳಿಸಿ ಹೇಳುವಷ್ಟರಲ್ಲಿ ನನಗೆ ಸಾಕುಬೇಕಾಯಿತು. ಕುಲಾವಿ ತೆಗೆದರು. ಇನ್ನೊಂದು ದಿನ ಹೋದರೆ ಫ್ರಿಜ್ಜಿನ ಬಾಗಿಲು ತೆಗೆದಿಟ್ಟುಕೊಂಡು, ಮುಂದೆ ಮಣೆ ಹಾಕಿ ಕೂತಿದ್ದಾರೆ. ಪಕ್ಕದ ಮನೆಯ ಹುಡುಗಿಗೆ ಗಂಡು ಗೊತ್ತಾದದ್ದು, ಹಾಲಿನವಳ ಸೊಂಟನೋವು, ಹಿಂದಿನ ಓಣಿಯ ಜಗಳ, ಎಲ್ಲ ಒಂದೊಂದಾಗಿ ಆಮೆಗೆ ಹೇಳುತ್ತಿದ್ದಾರೆ.

"ಆಯಿ, ಎಬ್ಬಿಸಬೇಡಿ ಅಂದಿದ್ದಾರಲ್ಲ!"

"ಎಬ್ಬಿಸ್ತಾ ಇಲ್ಲೆ ತಮಾ. ಅಂವ ಎದ್ದ ಮೇಲೆ ಎಲ್ಲ ಒಟ್ಟಿಗೇ ಹೇಳಲೆ ಯಂಗೆ ನೆನಪಿರ್ತಿಲ್ಲೆ!"

ಕಾನಸೂರಿನಲ್ಲಿ ಚಾರ್ಜು

ಎರಡನೇ ವಾರ ಸಿರಸಿಯಲ್ಲಿ ಕರೆಂಟ್ ಹೋಯಿತು. ಹೋದದ್ದು ಹೋಯಿತು, ಲೈನಿನ ಮೇಲೆ ದೊಡ್ಡ ಮರ ಬಿದ್ದಿದೆ, ಸಂಜೆ ತನಕ ಬರಲಿಕ್ಕಿಲ್ಲ ಅಂತ ಸುದ್ದಿ. ಹನ್ನೊಂದು ಗಂಟೆಗೆ ಫ್ರಿಜ್ಜಿನ ಮೀಟರು ಎಂಟು ತೋರಿಸಿತು. ಹನ್ನೊಂದೂವರೆಗೆ ಒಂಬತ್ತು! ಡಬ್ಬಿಯಲ್ಲಿ ಎಲೆ ಸರಕ್ ಅಂದಿತು. ಮಾಣಿಯ ಒಂದು ಕಾಲು ಅಲ್ಲಾಡುತ್ತಿದೆ!

ಕಾನಸೂರಿನ ಬಸ್ ಸ್ಟಾಪಿನ ಹತ್ತಿರ ನನ್ನ ಗಿರಾಕಿಯೊಬ್ಬನ ತಂಪು ಪಾನೀಯದ ಅಂಗಡಿ ಇದೆ. ಫೋನು ಮಾಡಿದೆ. "ಕರೆಂಟಿದೆಯೇನೋ?" "ಇದೆ." ಸರಿ, ಗೆಳೆಯನ ಹತ್ತಿರ ಒಂದು ಥರ್ಮೋಕೋಲ್ ಡಬ್ಬಿ ಇಸಿದುಕೊಂಡು ಬಂದೆ. ಅವನದ್ದು ಮೀನಿನ ವ್ಯಾಪಾರ. ತೊಳೆದೇ ಕೊಟ್ಟಿದ್ದ, ಆದರೂ ಆಯಿ ಮೂಗು ಮುಚ್ಚಿಕೊಂಡು, "ಎಂತಾ ಡಬ್ಬಿನಾ ಇದು?" ಅಂದರು.

"ಔಷಧಿ ಡಬ್ಬಿ ಆಯಿ."

"ಹೀಂಗೆ ವಾಸ್ನೆ ಬಪ್ಪ ಔಷಧಿ ತಗಂಡ್ರೆ ರೋಗಿ ಎದ್ದೇ ಓಡ್ತ" ಅಂದರು ಆಯಿ.

ಆಮೆಯನ್ನು ಡಬ್ಬಿಯಲ್ಲಿಟ್ಟು, ಬೈಕಿನ ಹಿಂದೆ ಕಟ್ಟಿ, ಸಿದ್ದಾಪುರ ರಸ್ತೆಯಲ್ಲಿ ಬಿಟ್ಟೆ ನೋಡಿ ಗಾಡಿ! ಹಂಪು ಬಂದಲ್ಲೆಲ್ಲ ಒಂದು ಕೈ ಹಿಂದೆ ಇಟ್ಟು ಡಬ್ಬಿ ಹಿಡಿದುಕೊಳ್ಳುತ್ತಿದ್ದೆ. ಅಂಗಡಿಯ ಫ್ರಿಜ್ಜಿನಲ್ಲಿ ಸೋಡಾ ಬಾಟ್ಲಿಗಳನ್ನು ಸರಿಸಿ ಜಾಗ ಮಾಡಿದೆವು. ಐದು ಡಿಗ್ರಿ. ಕಾಲು ಅಲ್ಲಾಡುವುದು ನಿಂತಿತು. ಅಬ್ಬಾ, ಉಳಿಯಿತು!

ಅಷ್ಟರಲ್ಲಿ ಒಂದು ಬಸ್ ಬಂತು. ಹಾವೇರಿ ಕಡೆಯ ಒಬ್ಬ ಪ್ರಯಾಣಿಕ ಇಳಿದವನೇ ಬಿಸಿಲಿಗೆ ಬಾಯಾರಿ ನೇರ ಫ್ರಿಜ್ಜಿಗೆ ಕೈ ಹಾಕಿದ. ಬಾಗಿಲು ತೆಗೆದು, ಹಾಗೇ ನಿಂತುಬಿಟ್ಟ.

"ಅಣ್ಣಾರ, ಇದೇನ್ರೀ ಇದು! ಫ್ರಿಜ್ಜಿನಾಗ ಆಮಿ ಐತಿ!"

ಅಂಗಡಿಯವ ತಲೆ ಎತ್ತಲೂ ಇಲ್ಲ. "ಅದು ಮಾರೂದಲ್ಲ ಮಾರಾಯ್ರೇ. ಸಿರಸಿಲಿ ಕರೆಂಟಿಲ್ಲ, ಇಲ್ಲಿ ಚಾರ್ಜಿಗೆ ಇಟ್ಟಿದ್ದಾರೆ!"

ತೂಕ

ಆ ಸಂಜೆ ಕರೆಂಟ್ ಬಂದ ಮೇಲೆ ಆಮೆಯನ್ನು ಮನೆಯ ಫ್ರಿಜ್ಜಿಗೇ ತಂದಿಟ್ಟೆ. ಮೂರನೇ ವಾರ ತೂಕ ಮಾಡಲಿಕ್ಕೆ ಹೋದರೆ ಮೇಡಮ್ಮಿನ ಅಡುಗೆಮನೆಯ ತಕ್ಕಡಿ ಮಾತಾಡುತ್ತಿಲ್ಲ. ಆಯಿ ಅದರ ಮೇಲೆ ಇಡೀ ಕುಂಬಳಕಾಯಿ ಇಟ್ಟು ನೋಡಿದ್ದರಂತೆ. ಏನು ಮಾಡುವುದು? ಪೇಟೆಯಲ್ಲಿ ಅಡಿಕೆ ಖರೀದಿ ಮಾಡುವ ಒಬ್ಬ ಸಾವಕಾರ್ರು ಇದ್ದಾರೆ. ಹಾನಗಲ್ ಕಡೆಯವರು, ಸಿರಸಿಗೆ ಬಂದು ನಲವತ್ತು ವರ್ಷವಾಯಿತು. ಅವರ ಎಲೆಕ್ಟ್ರಾನಿಕ್ ತಕ್ಕಡಿ ಒಂದು ಗ್ರಾಂ ತಪ್ಪುವುದಿಲ್ಲ ಅಂತ ಹೆಸರು. ಆಮೆಯನ್ನು ಡಬ್ಬಿಯಲ್ಲಿ ಹಾಕಿಕೊಂಡು ಅಲ್ಲಿಗೇ ಹೋದೆ.

"ಬರ್ರಿ ಬರ್ರಿ! ಏನ್ ತಂದೀರಿ?" ಅಂದವರು ಡಬ್ಬಿಯೊಳಗೆ ನೋಡಿ ಖುಷಿಯಾಗಿ ಎದ್ದೇ ನಿಂತರು. ಅವರೇ ಸ್ವತಃ ತಕ್ಕಡಿ ಒರೆಸಿ, ಫ್ರಿಜ್ಜಿನ ತಂಪಿಗೆ ನೀರು ಹನಿಗಟ್ಟಿದ್ದ ಆಮೆಯನ್ನು ಎರಡೂ ಕೈಯಲ್ಲಿ ಎತ್ತಿಟ್ಟರು. ಅಂಕಿ ಅವರ ಕಡೆಗೆ ಕಾಣುವಂತೆ ಇತ್ತು. ಅದು ಎಲ್ಲಿ ಉರುಳಿ ಬೀಳುತ್ತದೋ ಅಂತ ನಾನು ಈಚೆ ಕೈ ಒಡ್ಡಿಕೊಂಡು ನಿಂತಿದ್ದೆ. ಚೀಟಿಯಲ್ಲಿ ಬರೆದು ಕೈಗೆ ಕೊಟ್ಟರು. ಎರಡು ಕಿಲೋ ಎಂಬತ್ತು ಗ್ರಾಂ.

ಮುನ್ನೂರ ಇಪ್ಪತ್ತು ಗ್ರಾಂ ಇಳಿದುಹೋಗಿದೆ! ಅಲ್ಲೇ ಅಡಿಕೆ ಚೀಲದ ಮೇಲೆ ಕೂತು ಮೇಡಮ್ಮಿಗೆ ಫೋನು ಮಾಡಿದೆ. ಆ ಕಡೆಯಿಂದ ಅಳು. "ಎಬ್ಬಿಸಿ! ಈಗಲೇ ಎಬ್ಬಿಸಿ! ಯಲ್ಲಾಪುರದ ಪ್ರಾಣಿ ಡಾಕ್ಟರಿಗೆ ನಾನು ಹೇಳ್ತೇನೆ, ಅವರು ಫೋನಲ್ಲಿ ತಿಳಿಸ್ತಾರೆ. ನಾನು ರಾತ್ರಿ ಬಸ್ಸಿಗೆ ಹೊರಟೆ!"

ಸಾವಕಾರ್ರು ನನ್ನ ಮುಖ ನೋಡಿ ನೀರು ತರಿಸಿದರು. "ಏನ್ ಆತ್ರಿ? ತೂಕ ಕಡಿಮಿ ಬಂತೇನು? ಈ ವರ್ಷ ಎಲ್ಲಾರ್ದೂ ಕಡಿಮಿನ ಬರಾಕತ್ತೈತ್ರಿ" ಅಂತ ಸಮಾಧಾನ ಹೇಳಿದರು.

ಉಗುರು ಬೆಚ್ಚಗೆ

ಡಾಕ್ಟರು ಫೋನಿನಲ್ಲಿ ಹೇಳಿದ್ದು ಇಷ್ಟು. ಮೊದಲು ಆಮೆಯನ್ನು ಹೊರಗೆ ತೆಗೆದು ಕೋಣೆಯಲ್ಲಿಡಿ. ಮೂರು ನಾಲ್ಕು ತಾಸು ಬಿಟ್ಟು ಉಗುರು ಬೆಚ್ಚಗಿನ ನೀರಿನಲ್ಲಿ ಗದ್ದದ ತನಕ ಮುಳುಗುವಂತೆ ಕೂರಿಸಿ. ಅದೇ ನೀರು ಕುಡಿದು ಚೇತರಿಸಿಕೊಳ್ಳುತ್ತದೆ.

ಮಧ್ಯಾಹ್ನ ಆಯಿ ಬಚ್ಚಲುಮನೆಯಿಂದ ಬೋಗುಣಿಯಲ್ಲಿ ನೀರು ತಂದರು. ನಾನು ಬೆರಳು ಅದ್ದಿದವನೇ "ಅಪ್ಪಾ!" ಅಂತ ಹಾರಿದೆ.

"ಇದು ಉಗುರು ಬೆಚ್ಚಗಾ ಆಯಿ? ಬಾಳೆಕಾಯಿ ಬೇಯ್ತದೆ ಇದರಲ್ಲಿ!"

"ಯಂಗ ಎಲ್ಲ ಮೀಯೂದು ಇದ್ರಲ್ಲೇ ತಮಾ. ಇದ್ಕಿಂತ ತಂಪಾದ್ರೆ ಮಿಂದಾಂಗೆ ಆಗ್ತಿಲ್ಲೆ."

ನಾಲ್ಕು ಚೊಂಬು ತಣ್ಣೀರು ಬೆರೆಸಿದೆ. ಮಾಣಿಯನ್ನು ಕೂರಿಸಿದೆ. ಐದು ನಿಮಿಷ ಕಲ್ಲಿನ ಹಾಗೆ ಕೂತಿತ್ತು. ಹತ್ತು ನಿಮಿಷ. ನಾನು ಗೊತ್ತಿದ್ದ ದೇವರಿಗೆಲ್ಲ ಕೈಮುಗಿದೆ, ಗೊತ್ತಿಲ್ಲದವರಿಗೂ ಮುಗಿದೆ. ಆಗ ಒಂದು ಕಣ್ಣು ತೆರೆಯಿತು. ಆಮೇಲೆ ಇನ್ನೊಂದು. ಕುತ್ತಿಗೆ ನಿಧಾನಕ್ಕೆ ಹೊರಗೆ ಬಂತು, ಬಾಯಿ ಅಗಲ ಮಾಡಿ ಆಕಳಿಸಿತು, ಮುಖ ನೀರಿಗಿಟ್ಟು ಗುಟುಗುಟು ಕುಡಿಯಲಿಕ್ಕೆ ಶುರುಮಾಡಿತು! ನಾನು "ಎದ್ದ! ಎದ್ದ!" ಅಂತ ಅಲ್ಲೇ ಕುಣಿದೆ. ಆಯಿಗೆ ಕಣ್ಣಲ್ಲಿ ನೀರು, ಬಾಯಲ್ಲಿ ನಗೆ.

ನೀರಿನಿಂದ ಹೊರಗೆ ಬಿಟ್ಟದ್ದೇ ತಡ, ಮಾಣಿ ಸೀದಾ ದೇವರ ಕೋಣೆಗೆ ನಡೆದ. ಪೂಜೆಗೆ ಅಂತ ಕೊಯ್ದಿಟ್ಟಿದ್ದ ದಾಸವಾಳವನ್ನು ಬುಟ್ಟಿಯಿಂದ ಒಂದೊಂದೇ ಎಳೆದು ತಿಂದ, ಒಂದನ್ನೂ ಉಳಿಸಲಿಲ್ಲ. ನಾನು ತಡೆಯಲಿಕ್ಕೆ ಹೋದೆ.

"ಬಿಡಾ ತಮಾ" ಅಂದರು ಆಯಿ. "ದೇವರಿಗೆ ಇಟ್ರೆ ಅಂವ ಯಾವತ್ತಾದ್ರೂ ತಿಂದಿದ್ನನಾ?"

ಎರಡು ತಕ್ಕಡಿ

ಬೆಳಿಗ್ಗೆ ಮೇಡಂ ಬಂದವರೇ ಬ್ಯಾಗನ್ನೂ ಇಳಿಸದೆ ಆಮೆಯನ್ನು ಎತ್ತಿ ಎದೆಗವಚಿಕೊಂಡರು. ನಾನು ಫ್ರಿಜ್ಜು ಸಾಗಿಸುವ ವ್ಯಾನಿನಲ್ಲೇ ಮೂವರೂ ಯಲ್ಲಾಪುರಕ್ಕೆ ಹೋದೆವು, ಮೂರನೆಯವನು ಮಾಣಿ. ದಾರಿಯುದ್ದಕ್ಕೂ ಮೇಡಂ ಅವನ ಮೂಗಿನ ಹತ್ತಿರ ಬೆರಳಿಟ್ಟು ಉಸಿರು ನೋಡುತ್ತಿದ್ದರು.

ಡಾಕ್ಟರು ಕಣ್ಣು, ಬಾಯಿ, ಕಾಲು ಎಲ್ಲ ನೋಡಿ ತಕ್ಕಡಿಯ ಮೇಲಿಟ್ಟರು. ಎರಡು ಕಿಲೋ ಮುನ್ನೂರ ತೊಂಬತ್ತು!

"ಇದಕ್ಕೇನಾಗಿದೆ? ಗುಂಡುಕಲ್ಲಿನ ಹಾಗಿದೆ. ಯಾಕೆ ಎಬ್ಬಿಸಿದ್ರಿ?" ಅಂದರು.

"ಮುನ್ನೂರು ಗ್ರಾಂ ಇಳಿದಿತ್ತು ಸಾರ್..."

"ಒಂದು ಬೋಗುಣಿ ನೀರು, ನಾಲ್ಕು ಹೂವಿಗೆ ಮುನ್ನೂರು ಗ್ರಾಂ ಏರ್ತದೇನ್ರೀ? ನೀವು ತೂಗಿದ ತಕ್ಕಡಿ ನೋಡಿಸಿ."

ಪುಣ್ಯಕ್ಕೆ ಹೊಟ್ಟೆಗೆ ತಿಂದು ಕುಡಿದು ಗಟ್ಟಿಯಾಗಿದೆ, ಇನ್ನು ಮತ್ತೆ ಮಲಗಿಸಬೇಡಿ, ಬೆಚ್ಚಗಿಟ್ಟು ಬೇಸಿಗೆ ತನಕ ನೋಡಿಕೊಳ್ಳಿ, ಏನೂ ಆಗುವುದಿಲ್ಲ ಅಂತ ಧೈರ್ಯ ಹೇಳಿ ಕಳಿಸಿದರು. ಮೇಡಮ್ಮಿಗೆ ಜೀವ ಬಂತು. ಜೀವ ಬಂದ ಕೂಡಲೇ ಸಿಟ್ಟೂ ಬಂತು. "ಎಲ್ಲಿದೆ ಆ ತಕ್ಕಡಿ? ನಡೀರಿ" ಅಂದರು. ಸಿರಸಿ ಮುಟ್ಟಿದವರು ಮನೆಗೂ ಹೋಗದೆ ನೇರ ಸಾವಕಾರ್ರ ಅಂಗಡಿಗೆ ಹೋದೆವು.

ತಕ್ಕಡಿ ತಪ್ಪು ಅಂದದ್ದೇ ಸಾವಕಾರ್ರ ಮುಖ ಕೆಂಪಾಯಿತು. "ನನ್ನ ತಕ್ಕಡಿನಾ? ನಲವತ್ತ ವರ್ಷದಾಗ ಒಬ್ರು ಅಂದಿಲ್ಲ!" ಅಂತ ಒಂದು ಕಿಲೋ ಕಲ್ಲು ಇಟ್ಟು ತೋರಿಸಿದರು. ಸರಿಯಾಗಿ ಒಂದು ಕಿಲೋ. ಎರಡು ಕಿಲೋ ಇಟ್ಟರು, ಸರಿಯಾಗಿ ಎರಡು. "ಈಗ ನಿಮ್ಮ ಆಮಿ ಇಡ್ರಿ" ಅಂದರು.

ಇಟ್ಟೆವು. ಈ ಸಲ ನಾನು ಅವರ ಹೆಗಲ ಮೇಲಿಂದ ಇಣುಕಿ ನೋಡಿದೆ. ಎರಡು ಕಿಲೋ ಮುನ್ನೂರ ತೊಂಬತ್ತು ಅಂತಲೇ ತೋರಿಸಿತು! ಸಾವಕಾರ್ರು ಅದನ್ನು ನೋಡಿದರು, ಪೆನ್ನು ತೆಗೆದರು, ಚೀಟಿಯಲ್ಲಿ ಎರಡು ಕಿಲೋ ತೊಂಬತ್ತು ಅಂತ ಬರೆದರು.

"ಸಾವಕಾರ್ರೇ!" ನಾನು ಕೂಗಿಯೇಬಿಟ್ಟೆ. "ಅಲ್ಲಿ ಮುನ್ನೂರ ತೊಂಬತ್ತಿದೆ, ನೀವು ಬರೀ ತೊಂಬತ್ತು ಬರೆದಿರಲ್ಲ?"

ಸಾವಕಾರ್ರು ಚೀಟಿ ನೋಡಿದರು, ತಕ್ಕಡಿ ನೋಡಿದರು, ಆಮೆಯ ಬೆನ್ನನ್ನು ಬೆರಳಿಂದ ಉಜ್ಜಿ ನೋಡಿದರು. "ಅಲ್ರೀ, ತೇವಕ್ಕ ಕಳೀಬೇಕಲ್ಲ! ನಿನ್ನೆ ತಂದಾಗಂತೂ ಮೈ ತುಂಬ ನೀರಿತ್ತು. ಹಸಿ ಮಾಲು ಹಂಗ ಹೆಂಗ್ ಬರೀಲಿ?"

ಮೇಡಂ ಆಮೆಯನ್ನು ತಕ್ಕಡಿಯಿಂದ ಎತ್ತಿ ಎದೆಗವಚಿಕೊಂಡರು. ಅವರಿಗೆ ಬೇಜಾರಾಯಿತೇನೋ ಅಂತ ಸಾವಕಾರ್ರು ದನಿ ತಗ್ಗಿಸಿ, ನನ್ನ ಕೈ ಹಿಡಿದು ಹೇಳಿದರು:

"ನಿಮ್ಮ ಮುಖ ನೋಡಿ ಮುನ್ನೂರ ಗ್ರಾಂ ಅಷ್ಟ ತಗದೇನ್ರಿ. ಬ್ಯಾರೆದವ್ರ ಆಮಿ ಆಗಿದ್ರ ಅರ್ಧ ಕಿಲೋ ಕಳೀತಿದ್ದೆ!"