ಬೀಗರ ಸಿನಿಮಾ

ಸಿನಿಮಾ ನೋಡಿ ಬೈಯುವುದಕ್ಕೂ ಪಗಾರ ಕೊಡುತ್ತಾರೆ ಅಂತ ನನಗೆ ಗೊತ್ತಾಗಿದ್ದು ಮಗ ಬಸಣ್ಣ ಪೇಪರಿಗೆ ಸೇರಿದ ಮೇಲೆ. ಶಹಾಪುರದಲ್ಲಿ ಯಾರಾದರೂ "ಆಯಿ, ಮಗ ಏನು ಮಾಡ್ತಾನ?" ಅಂದರೆ ಮೊದಲು "ಬರೀತಾನ" ಅನ್ನುತ್ತಿದ್ದೆ. ಅವರು ಕಾರಕೂನ ಅಂತ ತಿಳಿದು ರೇಷನ್ ಕಾರ್ಡು ಹಿಡಿದುಕೊಂಡು ಬರುತ್ತಿದ್ದರು. ಈಗ "ಸಿನಿಮಾ ನೋಡ್ತಾನ" ಅನ್ನುತ್ತೇನೆ. ಯಾರೂ ಬರುವುದಿಲ್ಲ. ಇಂಥವನನ್ನು ಮನೆಯಲ್ಲಿ ಇಟ್ಟುಕೊಳ್ಳುವುದು ಕಷ್ಟ. ಸೊಸೆ ಬ್ಯಾಳಿ ಸಾರು ಮಾಡಿದರೆ "ಶುರುವಿಗೆ ಛಲೋ ಅದ, ಕೊನಿಗೆ ಎಳದಂಗ ಆಗ್ಯಾದ" ಅನ್ನುತ್ತಾನೆ.

ಅವನ ಮಗಳು ಶಾಂತಾಳಿಗೆ ಸುರಪುರದಿಂದ ಸಂಬಂಧ ಬಂತು. ಹುಡುಗ ಹುಡುಗಿ ಒಪ್ಪಿದ್ದರು. ಹುಡುಗನ ಅಪ್ಪ ಮಲ್ಲಪ್ಪನವರಿಗೆ ಬಟ್ಟೆ ಅಂಗಡಿ, ಜೊತೆಗೆ ನಟನೆಯ ಶೋಕಿ. ನಮ್ಮ ಕಡೆಯೇ ತೆಗೆದ ಒಂದು ಸಿನಿಮಾದಲ್ಲಿ ಅವರು ಪೊಲೀಸ್ ಫೌಜದಾರ. ಭಾನುವಾರ ಮಾತು ಗಟ್ಟಿ ಮಾಡಲು ಬರುವವರಿದ್ದರು. ಅದೇ ವಾರ ಸಿನಿಮಾ ಬಿಡುಗಡೆಯಾಯಿತು. ಅದರ ಬಗ್ಗೆ ಪೇಪರಿಗೆ ಬರೆಯಬೇಕಾದವನು ನಮ್ಮವನೇ.

"ಛಲೋ ಮಾಡ್ಯಾರ ಅಂತ ಒಂದು ಮಾತು ಹಾಕಿದ್ರ ನಿನ್ನ ಪೆನ್ನು ಮುರೀತದೇನೋ?" ಅಂದೆ.

"ಅವ್ವಾ, ಕಂಬದಂಗ ನಿಂತಾರ. ಕಂಬಕ್ಕ ಛಲೋ ಅಂತ ಹ್ಯಾಂಗ ಬರೀಲಿ? ಓದೋರು ನನ್ನ ಮಾತು ನಂಬತಾರ."

"ಮಗಳ ಸಂಬಂಧ ಮುರದ್ರ ಓದೋರು ಬಂದು ಕೂಡಿಸ್ತಾರೇನು?"

ಶಾಂತಾ ಆವತ್ತು ಊಟಕ್ಕೆ ಬರಲಿಲ್ಲ.

ಭಾನುವಾರ ಬಸಣ್ಣ "ಅವರು ಬರೋದ್ರಾಗ ಪೇಪರ್ ಒಳಗ ತಗದಿಡು" ಅಂದ. ನನಗೆ ಓದು ಅಷ್ಟಕ್ಕಷ್ಟೆ. ಅವನ ಫೋಟೋ ಇದ್ದರೆ ಅವನು ಬರೆದದ್ದು ಅಂತ ಲೆಕ್ಕ. ಹಾಳೆ ತಿರುವಿದೆ, ಫೋಟೋ ಇಲ್ಲ. ಜಾಗ ಸಾಲದೆ ತೆಗೆದಿದ್ದರಂತೆ, ನನಗೇನು ಗೊತ್ತು? ಈ ವಾರ ಬಂದಿಲ್ಲ, ಪೀಡೆ ಹೋಯಿತು ಅಂದುಕೊಂಡು ಅದನ್ನೇ ಹಾಸಿ ಬೀಗರ ಮುಂದೆ ಚುರುಮುರಿ, ಮಿರ್ಚಿ ಸುರಿದೆ. ತಾಟಿನಲ್ಲಿ ಹಾಕಿದರೆ ನಮ್ಮವರಿಗೆ ಅದು ರುಚಿ ಹತ್ತುವುದಿಲ್ಲ.

ಅರ್ಧ ತಿಂದ ಮಲ್ಲಪ್ಪನವರ ಕೈ ನಿಂತಿತು. "ಏ, ಪೇಪರ್ನಾಗ ನನ್ನ ಹೆಸರು ಅದ!" ಅಂದರು. ಅವರ ಹೆಂಡತಿ ಚುರುಮುರಿ ಸರಿಸಿ ಜೋರಾಗಿ ಓದಿದಳು: "ಕಂಬದ ಹಾಗೆ ನಿಂತಿದ್ದಾರೆ." ಬಾಗಿಲ ಹಿಂದೆ ಶಾಂತಾಳ ಬಳೆ ಸದ್ದು ನಿಂತಿತು. "ಖರೇನ ಬರದಾರ," ಅಂದಳು ಬೀಗತಿ. "ಮನ್ಯಾಗೂ ಹಂಗೇ ನಿಂತಿರ್ತಾರ್ರಿ. ಒಂದು ಕೊಡ ನೀರು ಎತ್ತಿಡಂಗಿಲ್ಲ."

ಮಲ್ಲಪ್ಪನವರು ನಗಲಿಲ್ಲ. ನನ್ನ ಕಡೆ ತಿರುಗಿದರು. "ಯವ್ವಾ, ನೀವು ನೋಡೀರೇನು? ನೀವ ಹೇಳ್ರಿ."

ನಾನು ಆ ಸಿನಿಮಾ ನಡೆಯುತ್ತಿದ್ದ ಟಾಕೀಸಿನ ಹೊಸ್ತಿಲು ತುಳಿದವಳಲ್ಲ. "ನೋಡೀನ್ರಿ," ಅಂದೆ. "ಭಾಳ ಛಲೋ ಮಾಡೀರಿ. ಈ ಹುಡುಗ್ರಿಗೆ ಏನು ತಿಳೀತದ?"

ಬಸಣ್ಣ ಗೋಡೆ ನೋಡಿದ. ಬೀಗರು ಇನ್ನೆರಡು ಮಿರ್ಚಿ ಕೇಳಿದರು. ಮಾತು ಗಟ್ಟಿಯಾಯಿತು. ಏಳುವಾಗ, "ಅಷ್ಟು ಛಲೋ ಅನಸಿದ್ರ ಇನ್ನೊಮ್ಮೆ ನೋಡ್ರಿ, ನಾಳೆ ಗಾಡಿ ಕಳಸ್ತೀನಿ" ಅಂದರು.

ಕಳಿಸಿಯೇ ಬಿಟ್ಟರು. ಟಾಕೀಸಿನಲ್ಲಿ ನನ್ನ ಪಕ್ಕದಲ್ಲೇ ಕೂತರು. ತಾವು ಪರದೆಯ ಮೇಲೆ ಬಂದಾಗಲೆಲ್ಲ ಪರದೆ ಬಿಟ್ಟು ನನ್ನ ಮುಖ ನೋಡುತ್ತಿದ್ದರು. ನಿದ್ದೆ ಮಾಡುವಂತಿಲ್ಲ, ಆಕಳಿಸುವಂತಿಲ್ಲ. ಸಿನಿಮಾ ಮುಗಿಯುವವರೆಗೂ ಮೆಚ್ಚಿದ ಮುಖ ಇಟ್ಟುಕೊಂಡು ದವಡೆ ಹಿಡಿದುಕೊಂಡಿತು.

ಮನೆಗೆ ಬಂದಾಗ ಬಸಣ್ಣ ಕಾಯುತ್ತಿದ್ದ. "ಹ್ಯಾಂಗಿತ್ತವ್ವಾ?"

ಮೊದಲು ಬಾಗಿಲು ಹಾಕು ಅಂದೆ. ಹಾಕಿದ.

"ನೀ ಬೈದದ್ದು ಕಮ್ಮಿ ಆಯ್ತು."