ಮಿಂಚು ಹಿಡಿದ ರೇಡಿಯೋ, ನೆನೆದ ಸಂಡಿಗೆ

ಬೇಸಿಗೆಯ ಶಿವಮೊಗ್ಗದಲ್ಲಿ ಮಧ್ಯಾಹ್ನ ಸುಡುವ ಬಿಸಿಲು, ಸಂಜೆ ಗುಡುಗು. ಈ ನಡುವೆ ಸಂಡಿಗೆ ಒಣಗಬೇಕು. ಅದೂ ಎಂಥ ಸಂಡಿಗೆ! ನನ್ನ ಹೆಂಡತಿ ಸುಮಾಳ ಭದ್ರಾವತಿಯ ಅಕ್ಕನ ಮಗಳ ಮದುವೆಯ ಸಂಡಿಗೆ. "ಸಂಡಿಗೆ ನಮ್ಮನೆಯಿಂದ" ಎಂದು ಸುಮಾ ನೆಂಟರೆಲ್ಲರ ಎದುರು ಮಾತು ಕೊಟ್ಟಿದ್ದಳು. ವಿನೋಬನಗರದ ನಮ್ಮ ತಾರಸಿಯ ತುಂಬ ಪಂಚೆ ಹಾಸಿ, ಬೆಳಗಿನಿಂದ ಸೊಂಟ ಬಗ್ಗಿಸಿ ಸಂಡಿಗೆ ಇಟ್ಟಿದ್ದಳು.

"ರೀ, ಒಂಚೂರು ಮಲಗ್ತೀನಿ. ಮೋಡ ಆದ್ರೆ ಎಬ್ಬಿಸಿ."

"ಮೋಡ ಯಾಕೆ ನೋಡ್ಬೇಕು ಮಾರಾಯ್ತಿ? ವಿಜ್ಞಾನ ಇದೆ!"

ಮಿಂಚೆಂದರೆ ಬರೀ ಬೆಳಕಲ್ಲ. ಅದು ಆಕಾಶದಲ್ಲಿ ಒಮ್ಮೆಲೇ ನುಗ್ಗುವ ಭಾರಿ ಕರೆಂಟು. ಬೆಳಕಿನ ಜೊತೆಗೆ ರೇಡಿಯೋ ಅಲೆಗಳನ್ನೂ ಎಸೆಯುತ್ತದೆ. ಗುಡುಗು ಕೇಳಿಸದಷ್ಟು ದೂರದ ಮಿಂಚೂ ಮೀಡಿಯಂ ವೇವ್ ರೇಡಿಯೋದಲ್ಲಿ ಚಟಪಟ ಎನ್ನುತ್ತದೆ! ಇದನ್ನು ಓದಿದ ದಿನದಿಂದ ನನಗೆ ನಿದ್ದೆಯಿಲ್ಲ. ಅಟ್ಟದಿಂದ ಹಳೇ ರೇಡಿಯೋ ಇಳಿಸಿ, ಹೊಸ ಸೆಲ್ ಹಾಕಿ, ಯಾವ ಸ್ಟೇಷನ್ನೂ ಇಲ್ಲದ ಜಾಗಕ್ಕೆ ಮುಳ್ಳು ತಿರುಗಿಸಿ, ಜಗಲಿಯಲ್ಲಿ ಕಾವಲು ಕುಳಿತೆ.

ಸ್ವಲ್ಪ ಹೊತ್ತಿಗೇ ರೇಡಿಯೋ "ಚರ್ರ್" ಎಂದು ಅರಚಿತು. ಬಂತು! ಎದ್ದೆನೋ ಬಿದ್ದೆನೋ ಎಂದು ತಾರಸಿಗೆ ಓಡಿ, ಪಂಚೆಗಳನ್ನೆಲ್ಲ ಸಂಡಿಗೆ ಸಮೇತ ಮಡಚಿ ಹೊತ್ತು ತಂದೆ. ಸದ್ದಿಗೆ ಸುಮಾ ಎದ್ದು ಬಂದಳು. ಹೊರಗೆ ರಣಬಿಸಿಲು.

ಕಾಂಪೌಂಡಿನಾಚೆಯಿಂದ ಪಕ್ಕದ ಮನೆ ಗಿರಿಜಕ್ಕ ಕೇಳಿದರು: "ಏನ್ ಗಲಾಟೆ ಸುಮಾ? ಮಿಕ್ಸಿ ಸದ್ದಲ್ಲಿ ಏನೂ ಕೇಳಿಸ್ಲಿಲ್ಲ."

ಮಿಕ್ಸಿ! ಅದರ ಮೋಟಾರಿನೊಳಗೂ ಕಿಡಿ ಹಾರುತ್ತದೆ, ಅದೂ ರೇಡಿಯೋ ಅಲೆ ಎಸೆಯುತ್ತದೆ. ನನ್ನ ಯಂತ್ರ ಗಿರಿಜಕ್ಕನ ಚಟ್ನಿಯನ್ನು ಕರಾರುವಾಕ್ಕಾಗಿ ಪತ್ತೆ ಹಚ್ಚಿತ್ತು.

ಮಡಚಿದ್ದರಲ್ಲಿ ಅರ್ಧದಷ್ಟು ಸಂಡಿಗೆ ಮುದ್ದೆಯಾಗಿತ್ತು. ಸುಮಾ ಉಳಿದದ್ದನ್ನು ಮತ್ತೆ ಹರಡಿ ಬಂದು ಮಲಗಿದಳು.

ಇನ್ನು ಮೋಸ ಹೋಗುವವನಲ್ಲ ನಾನು! ರೇಡಿಯೋ ಮತ್ತೆ ಅರಚಿತು. "ಮಿಕ್ಸಿ," ಎಂದು ನಕ್ಕೆ. ಚಟ್! ಚಟಾರ್! "ಗಿರಿಜಕ್ಕ ಇವತ್ತು ಏನೇನು ರುಬ್ಬುತ್ತಾರಪ್ಪ!" ಜಗಲಿ ಸ್ವಲ್ಪ ಮಬ್ಬಾಯಿತು. ಕಣ್ಣಿಗೆ ಆಯಾಸವಿರಬೇಕು ಎಂದುಕೊಂಡೆ.

ಆಗ ಗಿರಿಜಕ್ಕನೇ ಗೇಟಿನ ಹತ್ತಿರ ಓಡಿ ಬಂದರು.

"ಸಂಡಿಗೆ ತೆಗೀರಿ ಮಾರಾಯ್ರೇ!"

"ನೀವು ಮೊದ್ಲು ಮಿಕ್ಸಿ ಆಫ್ ಮಾಡಿ ಗಿರಿಜಕ್ಕ!"

"ಎಂಥ ಮಿಕ್ಸಿ? ಕರೆಂಟ್ ಹೋಗಿ ಅರ್ಧ ಗಂಟೆ ಆಯ್ತು!"

ಗುಡುಗಿತು. ನಾನು ಮೆಟ್ಟಿಲು ಹತ್ತುವಷ್ಟರಲ್ಲಿ ಮಳೆ ಧೋ ಎಂದು ಸುರಿಯಿತು. ಸಂಡಿಗೆ ಹಿಟ್ಟಾಗಿ, ಹಿಟ್ಟು ಗಂಜಿಯಾಗಿ, ತಾರಸಿಯ ಪೈಪಿನಲ್ಲಿ ಇಳಿದು ಮೋರಿ ಸೇರಿತು. ಬಾಗಿಲಲ್ಲಿ ನಿಂತ ಸುಮಾಳ ಕಣ್ಣಲ್ಲಿ ನೀರು.

ಸುಮಾಳ ಅಕ್ಕನಿಗೆ ಫೋನ್ ಮಾಡಿ ನಾನೇ ಎಲ್ಲ ಹೇಳಿದೆ, ರೇಡಿಯೋ ಅಲೆಗಳ ವಿವರಣೆಯೊಂದಿಗೆ. ಅವರು ಪೂರ್ತಿ ಕೇಳಿಸಿಕೊಂಡರು.

"ಹೋಗ್ಲಿ ಬಿಡಿ, ಅಂಗಡೀಲಿ ತಗೊಂಡ್ರಾಯ್ತು. ಸುಮಾಗೆ ಅಳ್ಬೇಡ ಅಂತ ಹೇಳಿ. ನೀವು ಮದುವೆಗೆ ಬನ್ನಿ, ಆದ್ರೆ ಸಹಾಯ ಮಾತ್ರ ಮಾಡ್ಬೇಡಿ."

ಭದ್ರಾವತಿಯ ಛತ್ರದಲ್ಲಿ ನೆಂಟರಿಗೆಲ್ಲ ಒಂದೊಂದು ಕೆಲಸ ಹಂಚಿದರು. ನನಗೂ ಒಂದು ಕೊಟ್ಟರು: ಫ್ಯಾನಿನ ಕೆಳಗೆ ಒಂದು ಕುರ್ಚಿ, ಅದರಿಂದ ಏಳಕೂಡದು. ಇಡೀ ಮದುವೆಯಲ್ಲಿ ಒಂದೂ ತಪ್ಪಿಲ್ಲದೆ ನಡೆದ ಕೆಲಸ ಅದೊಂದೇ ಎಂದು ಎಲ್ಲರೂ ಹೊಗಳಿದರು!